ಒಹಾರು: ಒಂದು ಚಿತ್ರ ಮತ್ತು ಜಪಾನಿನ ಪರವಾನಗಿ ಕೇರಿಗಳ ಇತಿಹಾಸ

ಕೆಂಜಿ ಮಿಜೊಗುಚಿ ನಿರ್ದೇಶಿಸಿದ ‘ಸೈಕಾಕು ಇಚಿದಾಯ್ ಒನ್ನಾ’ ಚಿತ್ರ ಜಪಾನಿನಲ್ಲಿ 1952ರ ಏಪ್ರಿಲ್‌ನಲ್ಲಿ ತೆರೆಕಂಡಿತು. ಹೊರದೇಶಗಳಲ್ಲಿ ಅದು ‘ದಿ ಲೈಫ್ ಆಫ್ ಒಹಾರು’ ಎಂಬ ಹೆಸರಿನಿಂದ ಪ್ರಸಿದ್ಧ. ಹದಿನೇಳನೆಯ ಶತಮಾನದ ಕೊನೆಯಲ್ಲಿ ಕ್ಯೋಟೊ ಅರಮನೆಯ ಊಳಿಗದಲ್ಲಿದ್ದ ಹೆಣ್ಣುಮಗಳೊಬ್ಬಳು ಮೆಟ್ಟಿಲು ಮೆಟ್ಟಿಲಾಗಿ ಇಳಿದು ಬೀದಿಗೆ ಬಂದು ನಿಲ್ಲುವ ಕಥೆ ಅದು. ಕಥೆಯ ಉದ್ದಕ್ಕೂ ಒಹಾರು ತಾನಾಗಿ ತೀರ್ಮಾನ ಮಾಡುವ ಸಂದರ್ಭಗಳು ಬೆರಳೆಣಿಕೆಯಷ್ಟು. ಯಾರೋ ಕರೆಯುತ್ತಾರೆ, ಹೋಗುತ್ತಾಳೆ. ಯಾರೋ ಹೊರಗಟ್ಟುತ್ತಾರೆ, ಹೊರಡುತ್ತಾಳೆ. ಹೀಗಾಗಿ ಅವಳನ್ನು ಹೊಳೆಗೆ ಬಿದ್ದ ಎಲೆಯಂಥವಳು, ಕೈಚೆಲ್ಲಿ ಕೂತವಳು ಎಂದು ನೋಡುವುದು ಸುಲಭ. ಆದರೆ ಅವಳನ್ನು ಮನೆಯಿಂದ ಮನೆಗೆ ಸಾಗಿಸಿದ ಶಕ್ತಿಗಳಿಗೆ ಹೆಸರಿದೆ, ದಾಖಲೆಯಿದೆ. ತಂದೆಯ ಮೊಹರು, ಮುಂಗಡ ಸಾಲ, ಸರ್ಕಾರದ ಪರವಾನಗಿ ಎಂಬ ಮೂರು ಕಂಬಗಳ ಮೇಲೆ ನಿಂತ ಒಂದು ವ್ಯವಸ್ಥೆ ಜಪಾನಿನಲ್ಲಿ 1589ರಿಂದ 1958ರವರೆಗೆ ಬೇರೆ ಬೇರೆ ರೂಪದಲ್ಲಿ ನಡೆಯಿತು. ಒಹಾರುವಿನ ಮೌನ ಅರ್ಥವಾಗಬೇಕಾದರೆ ಆ ವ್ಯವಸ್ಥೆಯ ಇತಿಹಾಸ ತಿಳಿಯಬೇಕು.

ಚಿತ್ರದ ಕಥೆ

ಐವತ್ತು ದಾಟಿದ ಒಹಾರು ಚುಮುಚುಮು ಚಳಿಯ ನಸುಕಿನಲ್ಲಿ ನಾರಾ ಊರಿನ ಹೊರವಲಯದಲ್ಲಿ ನಡೆದು ಹೋಗುವುದರಿಂದ ಚಿತ್ರ ಆರಂಭವಾಗುತ್ತದೆ. ಕ್ಯಾಮೆರಾ ಅವಳ ಬೆನ್ನ ಹಿಂದೆಯೇ ಸಾಗುತ್ತದೆ; ಮುಖ ಬಹಳ ಹೊತ್ತು ಕಾಣುವುದಿಲ್ಲ. ತನ್ನಂಥ ಬೀದಿ ಹೆಂಗಸರ ಜೊತೆ ಬೆಂಕಿ ಕಾಯಿಸಿಕೊಂಡ ಅವಳು ಹತ್ತಿರದ ಬೌದ್ಧ ದೇಗುಲದ ಐನೂರು ಅರ್ಹಂತರ ಮಂಟಪಕ್ಕೆ ಹೋಗುತ್ತಾಳೆ. ಸಾಲು ಸಾಲು ಮೂರ್ತಿಗಳ ನಡುವೆ ಒಂದು ಮುಖ ಅವಳ ಕಣ್ಣೆದುರೇ ಒಬ್ಬ ಯುವಕನ ಮುಖವಾಗಿ ಬದಲಾಗುತ್ತದೆ. ಕಥೆ ಅಲ್ಲಿಂದ ಹಿಂದಕ್ಕೆ ಹೋಗುತ್ತದೆ.

ಆ ಯುವಕ ಅರಮನೆಯ ದಿನಗಳಲ್ಲಿ ಒಹಾರುವನ್ನು ಪ್ರೀತಿಸಿದ ಕಾತ್ಸುನೊಸುಕೆ, ಕೆಳದರ್ಜೆಯ ಸೇವಕ. ತೊಶಿರೊ ಮಿಫುನೆ ಈ ಪಾತ್ರ ಮಾಡಿದ್ದಾರೆ. ಅಂತಸ್ತು ಮೀರಿದ ಪ್ರೇಮ ಅಂದಿನ ಕಾನೂನಿನಲ್ಲಿ ಅಪರಾಧ. ಅವನ ತಲೆ ಕಡಿಯುತ್ತಾರೆ. ಒಹಾರುವನ್ನೂ ಅವಳ ತಂದೆತಾಯಿಯನ್ನೂ ಕ್ಯೋಟೊದಿಂದ ಗಡೀಪಾರು ಮಾಡುತ್ತಾರೆ. ಪ್ರೀತಿಯಿದ್ದಲ್ಲಿ ಮಾತ್ರ ಮದುವೆಯಾಗು ಎಂಬ ಅವನ ಕೊನೆಯ ಸಂದೇಶ ಕೈಗೆ ಬಂದಾಗ ಅವಳು ಚೂರಿ ಹಿಡಿದು ಬಿದಿರು ಮೆಳೆಯೊಳಗೆ ಓಡುತ್ತಾಳೆ. ತಾಯಿ ಬೆನ್ನಟ್ಟಿ ತಡೆಯುತ್ತಾಳೆ. ಮುಂದೆ ಮಾತ್ಸುದಾಯ್ರಾ ಮನೆತನದ ಪ್ರಭುವಿಗೆ ಮಗನನ್ನು ಹೆತ್ತುಕೊಡುವ ಉಪಪತ್ನಿಯಾಗಿ ಆಯ್ಕೆಯಾಗುತ್ತಾಳೆ. ಗಂಡುಮಗು ಹುಟ್ಟಿದ ಕೂಡಲೇ ಕೂಸನ್ನು ಅವಳಿಂದ ಬೇರ್ಪಡಿಸಲಾಗುತ್ತದೆ. ಪ್ರಭುವಿನ ಆರೋಗ್ಯ ಅವಳಿಂದ ಕೆಡುತ್ತಿದೆ ಎಂಬ ನೆಪ ಹೇಳಿ ಕೈಗೆ ಪುಡಿಗಾಸು ಕೊಟ್ಟು ಮನೆಗೆ ಕಳಿಸುತ್ತಾರೆ. ಮಗಳ ಅದೃಷ್ಟ ನೆಚ್ಚಿಕೊಂಡು ರೇಷ್ಮೆ ವ್ಯಾಪಾರಕ್ಕೆ ಸಾಲ ಮಾಡಿದ್ದ ತಂದೆ ಅವಳನ್ನು ಕ್ಯೋಟೊದ ಶಿಮಾಬಾರಾ ವೇಶ್ಯಾಕೇರಿಗೆ ಮಾರುತ್ತಾನೆ.

ಕೇರಿಯಲ್ಲಿ ಹಳ್ಳಿಗಾಡಿನ ಶ್ರೀಮಂತನೊಬ್ಬ ನಾಣ್ಯ ಚೆಲ್ಲಿದಾಗ ಎಲ್ಲರೂ ಮುಗಿಬೀಳುತ್ತಾರೆ. ಒಹಾರು ಮಾತ್ರ ಕದಲುವುದಿಲ್ಲ. ಅವಳ ಬಿಡುಗಡೆಗೆ ಹಣ ಕಟ್ಟಲು ಅವನು ಮುಂದಾಗುವಷ್ಟರಲ್ಲಿ ಖೋಟಾ ನಾಣ್ಯದವನೆಂದು ಸಿಕ್ಕಿಬೀಳುತ್ತಾನೆ. ಆಮೇಲೆ ಅವಳು ವರ್ತಕನೊಬ್ಬನ ಮನೆಯಲ್ಲಿ ಕೆಲಸಕ್ಕೆ ನಿಲ್ಲುತ್ತಾಳೆ. ಹಳೆಯ ಸಂಗತಿ ಬಯಲಾದ ಮೇಲೆ ಅಲ್ಲಿಯೂ ಉಳಿಗಾಲವಿಲ್ಲ. ಬೀಸಣಿಗೆ ಮಾಡುವ ಯಾಕಿಚಿಯನ್ನು ಮದುವೆಯಾದ ಅಲ್ಪಕಾಲವೇ ಅವಳ ಬಾಳಿನ ನೆಮ್ಮದಿಯ ದಿನಗಳು. ದರೋಡೆಕೋರರು ಅವನನ್ನು ಕೊಲ್ಲುತ್ತಾರೆ. ಅವಳಿಗೆಂದು ಕೊಂಡ ನಡುಪಟ್ಟಿ ಅವನ ಕೈಯಲ್ಲೇ ಇರುತ್ತದೆ. ಸನ್ಯಾಸಿನಿಯಾಗಲು ಹೋದ ಮಠದಿಂದಲೂ ಹೊರಬಿದ್ದು, ದೇಗುಲದ ಬಾಗಿಲಲ್ಲಿ ಶಾಮಿಸೆನ್ ನುಡಿಸುತ್ತ ಭಿಕ್ಷೆ ಬೇಡುವಾಗ, ಪಲ್ಲಕ್ಕಿಯಲ್ಲಿ ಸಾಗುವ ತನ್ನ ಮಗನನ್ನು ಕಾಣುತ್ತಾಳೆ. ಕೊನೆಗೆ ಆ ಮಗ ಪ್ರಭುವಾದಾಗ ಕರೆ ಬರುತ್ತದೆ. ಆದರೆ ಅದು ಮನೆತನದ ಮಾನ ಕಳೆದವಳೆಂದು ಗದರಿಸಿ ಕೂಡಿಹಾಕಲು ಬಂದ ಕರೆ. ನಡೆದುಹೋಗುವ ಮಗನನ್ನು ದೂರದಿಂದ ಒಮ್ಮೆ ನೋಡಲು ಮಾತ್ರ ಅಪ್ಪಣೆ. ಅವಳು ಅಲ್ಲಿಂದ ತಪ್ಪಿಸಿಕೊಂಡು, ಮನೆಮನೆಯ ಮುಂದೆ ಸೂತ್ರ ಪಠಿಸುತ್ತ ಭಿಕ್ಷೆ ಎತ್ತುವ ಸನ್ಯಾಸಿನಿಯಾಗುತ್ತಾಳೆ.

ಸೈಕಾಕುವಿನ ಪುಸ್ತಕ

ಚಿತ್ರಕ್ಕೆ ಆಧಾರ 1686ರಲ್ಲಿ ಪ್ರಕಟವಾದ ‘ಕೋಶೊಕು ಇಚಿದಾಯ್ ಒನ್ನಾ’ ಎಂಬ ಗದ್ಯಕೃತಿ. ಬರೆದವನು ಒಸಾಕಾ ವರ್ತಕ ವರ್ಗದಿಂದ ಬಂದ ಇಹಾರಾ ಸೈಕಾಕು (1642–1693). ಕವಿಯಾಗಿ ಹೆಸರಾಗಿದ್ದ ಅವನು 1682ರಲ್ಲಿ ವಿಲಾಸಿ ಗಂಡಸೊಬ್ಬನ ಕಥೆ ಬರೆದು ಗದ್ಯಕ್ಕೆ ಹೊರಳಿದ್ದ. ನಾಲ್ಕು ವರ್ಷಗಳ ನಂತರ ಬಂದದ್ದು ಹೆಣ್ಣಿನ ಕಥೆ. ಗುಡಿಸಿಲಲ್ಲಿ ಒಂಟಿಯಾಗಿರುವ ಮುದುಕಿಯೊಬ್ಬಳು ಇಬ್ಬರು ಯುವಕರಿಗೆ ತನ್ನ ಬಾಳನ್ನು ಹೇಳಿಕೊಳ್ಳುವುದು ಕೃತಿಯ ಚೌಕಟ್ಟು. ಅರಮನೆಯ ಊಳಿಗ, ಪ್ರಭುವಿನ ಅಂತಃಪುರ, ಶಿಮಾಬಾರಾ, ಸನ್ಯಾಸಿಯ ಗುಟ್ಟಿನ ಹೆಂಡತಿ, ಪತ್ರಬರಹ ಕಲಿಸುವವಳು, ತಲೆಬಾಚುವವಳು, ಹೊಲಿಗೆಯವಳು, ಸ್ನಾನದ ಮನೆಯ ಕೆಲಸದವಳು, ಬೀದಿ ವೇಶ್ಯೆ ಹೀಗೆ ಅಂದಿನ ನಗರದಲ್ಲಿ ಹೆಣ್ಣಿಗೆ ಇದ್ದ ದುಡಿಮೆಗಳೆಲ್ಲ ಒಂದೇ ಬಾಳಿನಲ್ಲಿ ಬಂದುಹೋಗುತ್ತವೆ. ನಗರ ಜೀವನದ ದಾಖಲೆಯಾಗಿಯೂ ಈ ಪುಸ್ತಕಕ್ಕೆ ಬೆಲೆಯಿದೆ.

ಸೈಕಾಕುವಿನ ಹೆಣ್ಣಿಗೂ ಮಿಜೊಗುಚಿಯ ಒಹಾರುವಿಗೂ ದೊಡ್ಡ ಅಂತರವಿದೆ. ಪುಸ್ತಕದ ಹೆಣ್ಣು ಚುರುಕು ನಾಲಗೆಯವಳು, ಆಸೆಬುರುಕಿ. ತನ್ನ ಪತನಕ್ಕೆ ತನ್ನ ಕಾಮವೂ ಕಾರಣವೆಂದು ಒಪ್ಪಿಕೊಳ್ಳುವವಳು. ನಗುವೂ ಕಟಕಿಯೂ ಅವಳ ಮಾತಿನಲ್ಲಿ ತುಂಬಿವೆ. ಅರ್ಹಂತರ ಮಂಟಪದ ದೃಶ್ಯ ಈ ಅಂತರವನ್ನು ಸ್ಪಷ್ಟವಾಗಿ ತೋರಿಸುತ್ತದೆ. ಪುಸ್ತಕದಲ್ಲಿ ಒಂದೊಂದು ಮೂರ್ತಿಯೂ ಅವಳು ಕೂಡಿದ ಬೇರೆ ಬೇರೆ ಗಂಡಸರನ್ನು ನೆನಪಿಸುತ್ತದೆ. ಚಿತ್ರದಲ್ಲಿ ಕಾಣುವುದು ಮೊದಲ ಪ್ರೇಮಿಯ ಒಂದೇ ಮುಖ. ಮಿಜೊಗುಚಿ ಮತ್ತು ಅವರ ಚಿತ್ರಕಥೆಗಾರ ಯೋಶಿಕಾತಾ ಯೋದಾ ಶೀರ್ಷಿಕೆಯಿಂದ ಕಾಮವನ್ನು ಸೂಚಿಸುವ ಪದವನ್ನು ಕೈಬಿಟ್ಟರು. ಹಾಗೆಯೇ ಕಥೆಯ ಹೊಣೆಯನ್ನು ಹೆಣ್ಣಿನ ಹೆಗಲಿಂದ ಇಳಿಸಿ ಸಮಾಜದ ಮೇಲೆ ಹೊರಿಸಿದರು. ಇದರಿಂದ ನಾಯಕಿಯ ಲವಲವಿಕೆ ಕಡಿಮೆಯಾಯಿತು, ನಿಜ. ಆದರೆ ಸೈಕಾಕು ಗೃಹೀತವೆಂದು ಪ್ರಶ್ನಿಸದೆ ಬಿಟ್ಟಿದ್ದ ಮಾರಾಟದ ವ್ಯವಹಾರ ತೆರೆಯ ನಡುವಿಗೆ ಬಂತು.

ಕೇರಿಗಳ ಹುಟ್ಟು

ಚಿತ್ರದ ಶಿಮಾಬಾರಾ ಕಲ್ಪಿತ ಸ್ಥಳವಲ್ಲ. ದೇಶವನ್ನು ಒಂದು ಆಳ್ವಿಕೆಯ ಕೆಳಗೆ ತರುತ್ತಿದ್ದ ತೊಯೊತೊಮಿ ಹಿದೆಯೋಶಿ 1589ರಲ್ಲಿ ಕ್ಯೋಟೊದ ಯಾನಾಗಿಮಾಚಿಯಲ್ಲಿ ವೇಶ್ಯಾಗೃಹಗಳನ್ನು ಒಟ್ಟಿಗೆ ಸೇರಿಸಲು ಅನುಮತಿ ಕೊಟ್ಟ. 1602ರಲ್ಲಿ ಆ ಕೇರಿ ರೊಕುಜೊಗೆ, 1641ರ ಹೊತ್ತಿಗೆ ನಗರದ ಪಶ್ಚಿಮದ ಹೊಲಗಳ ನಡುವಿನ ಹೊಸ ಜಾಗಕ್ಕೆ ಹೋಯಿತು. ಕೆಲವೇ ವರ್ಷಗಳ ಹಿಂದೆ, 1637–38ರಲ್ಲಿ, ಕ್ಯೂಶೂ ದ್ವೀಪದ ಶಿಮಾಬಾರಾದಲ್ಲಿ ರೈತರು ಮತ್ತು ಕ್ರೈಸ್ತರ ದೊಡ್ಡ ದಂಗೆ ನಡೆದಿತ್ತು. ದಿಢೀರ್ ಸ್ಥಳಾಂತರದ ಗದ್ದಲ ಆ ದಂಗೆಯನ್ನು ನೆನಪಿಸಿದ್ದರಿಂದ ಕೇರಿಗೂ ಅದೇ ಹೆಸರು ಬಂತೆಂದು ಪ್ರತೀತಿ. ಒಸಾಕಾದಲ್ಲಿ ಶಿನ್‌ಮಾಚಿ, ಎದೊದಲ್ಲಿ, ಅಂದರೆ ಇಂದಿನ ಟೋಕಿಯೊದಲ್ಲಿ, ಯೋಶಿವಾರಾ ಇಂಥ ಕೇರಿಗಳು.

ಯೋಶಿವಾರಾದ ಹುಟ್ಟು ದಾಖಲೆಗಳಲ್ಲಿ ಚೆನ್ನಾಗಿ ಸಿಗುತ್ತದೆ. ಶೋಜಿ ಜಿನ್‌ಎಮೊನ್ ಎಂಬ ವೇಶ್ಯಾಗೃಹದ ಮಾಲೀಕ ಆಗ ದೇಶವನ್ನಾಳುತ್ತಿದ್ದ ತೊಕುಗಾವಾ ಸರ್ಕಾರಕ್ಕೆ ಅರ್ಜಿ ಹಾಕಿದ. ಮನೆಗಳು ಊರೆಲ್ಲ ಚದುರಿದ್ದರೆ ಗಿರಾಕಿಗಳು ದಿನಗಟ್ಟಲೆ ಬಿದ್ದುಕೊಂಡು ಮನೆಮಠ ಕಳೆದುಕೊಳ್ಳುತ್ತಾರೆ, ಹುಡುಗಿಯರ ಅಪಹರಣ ಹೆಚ್ಚುತ್ತದೆ, ಒಡೆಯರಿಲ್ಲದ ಸಮುರಾಯ್‌ಗಳೂ ಅಪರಾಧಿಗಳೂ ತಲೆಮರೆಸಿಕೊಳ್ಳುತ್ತಾರೆ; ಎಲ್ಲವನ್ನೂ ಒಂದೇ ಕಡೆ ಸೇರಿಸಿದರೆ ಕಣ್ಣಿಡುವುದು ಸುಲಭ ಎಂಬುದು ಅವನ ವಾದ. 1617ರಲ್ಲಿ ಅನುಮತಿ ಸಿಕ್ಕಿತು, ಮರುವರ್ಷ ಕೇರಿ ತೆರೆಯಿತು. ಜೊತೆಗೆ ಬಂದ ಕಟ್ಟಳೆಗಳೂ ಅವನ ವಾದವನ್ನೇ ಹಿಂಬಾಲಿಸಿದವು: ಕೇರಿಯ ಹೊರಗೆ ಈ ವ್ಯಾಪಾರ ಕೂಡದು, ಗಿರಾಕಿ ಒಂದು ಹಗಲು ಒಂದು ರಾತ್ರಿ ಮೀರಿ ತಂಗಬಾರದು, ಹೆಂಗಸರು ಜರತಾರಿ ಉಡಬಾರದು, ಕಟ್ಟಡ ಆಡಂಬರದ್ದಾಗಬಾರದು, ಅನುಮಾನದ ವ್ಯಕ್ತಿ ಬಂದರೆ ಅಧಿಕಾರಿಗೆ ಸುದ್ದಿ ಮುಟ್ಟಿಸಬೇಕು.

ನಿಹೊನ್‌ಬಾಶಿ ಹತ್ತಿರದ ಜವುಗು ನೆಲದಲ್ಲಿದ್ದ ಈ ಮೊದಲ ಯೋಶಿವಾರಾ ನಗರ ಬೆಳೆದಂತೆ ಊರ ನಡುವೆ ಸಿಕ್ಕಿಕೊಂಡಿತು. 1656ರಲ್ಲಿ ಸ್ಥಳಾಂತರಕ್ಕೆ ಆಜ್ಞೆಯಾಯಿತು; ಮರುವರ್ಷದ ಮೇಯ್ರೆಕಿ ಮಹಾಬೆಂಕಿಯಲ್ಲಿ ಹಳೆಯ ಕೇರಿ ಸುಟ್ಟುಹೋಯಿತು. ಆಸಾಕುಸಾ ದೇಗುಲದ ಹಿಂದಿನ ಗದ್ದೆಗಳಲ್ಲಿ ಹೊಸ ಯೋಶಿವಾರಾ ಎದ್ದಿತು. ಮಾಲೀಕರಿಗೆ ಮೊದಲಿಗಿಂತ ಒಂದೂವರೆ ಪಟ್ಟು ಜಾಗವೂ ರಾತ್ರಿ ವ್ಯಾಪಾರಕ್ಕೆ ಅನುಮತಿಯೂ ಸಿಕ್ಕಿತು. ಸುಮಾರು 17 ಎಕರೆಯ ಆಯತಾಕಾರದ ಕೇರಿ, ಸುತ್ತ ಕಂದಕ, ಒಳಹೋಗಲು ಒಂದೇ ಮಹಾದ್ವಾರ. ದ್ವಾರದ ಪಕ್ಕದ ಕಾವಲುಮನೆಯ ಮುಖ್ಯ ಕೆಲಸ ಹೆಂಗಸರು ಹೊರಗೆ ಹೋಗದಂತೆ ನೋಡುವುದು.

ಕರಾರು ಮತ್ತು ಸಾಲ

ತೊಕುಗಾವಾ ಸರ್ಕಾರ ಆರಂಭದಲ್ಲಿಯೇ ಮನುಷ್ಯರ ಮಾರಾಟವನ್ನು ನಿಷೇಧಿಸಿತ್ತು. ಆದ್ದರಿಂದ ಕೇರಿಗೆ ಬರುವ ಹುಡುಗಿ ಕಾಗದದ ಮೇಲೆ ಮಾರಾಟವಾಗುತ್ತಿರಲಿಲ್ಲ. ಇಂತಿಷ್ಟು ವರ್ಷದ ಊಳಿಗಕ್ಕೆ ಸೇರುತ್ತಿದ್ದಳು. ಸಾಮಾನ್ಯವಾಗಿ ಹತ್ತು ವರ್ಷದ ಅವಧಿ. ಕರಾರು ಪತ್ರದಲ್ಲಿ ಹುಡುಗಿಯ ಹೆಸರು, ವಯಸ್ಸು, ಅವಳ ಮನೆಯವರು ಸೇರಿದ ದೇಗುಲ, ಮುಂಗಡದ ಮೊತ್ತ, ಅವಧಿ, ಓಡಿಹೋದರೆ ಯಾರು ಹೊಣೆ, ಸತ್ತರೆ ಶವಸಂಸ್ಕಾರ ಹೇಗೆ ಎಂಬುದೆಲ್ಲ ಇರುತ್ತಿತ್ತು. ಬೇರೆ ಮನೆಗೆ ವರ್ಗಾಯಿಸುವ ಅಧಿಕಾರವನ್ನೂ ಮಾಲೀಕನಿಗೆ ಬರೆದುಕೊಡುವುದಿತ್ತು. ಕೆಳಗೆ ತಂದೆಯ ಮೊಹರು, ಜಾಮೀನುದಾರನ ಮೊಹರು. ಮುಂಗಡ ತಂದೆಯ ಕೈಗೆ, ತೀರಿಸುವ ಹೊರೆ ಮಗಳ ಮೈಗೆ. ಮನೆಯ ಯಜಮಾನನ ಮಾತು ಮೀರುವುದು ಅಧರ್ಮವೆಂದು ನಂಬಿದ ಸಮಾಜದಲ್ಲಿ ಮಗಳ ಒಪ್ಪಿಗೆ ಬೇರೆಯಾಗಿ ಬೇಕಾಗಿರಲಿಲ್ಲ. ತಂದೆತಾಯಿಗಾಗಿ ಕೇರಿ ಸೇರುವ ಹುಡುಗಿಯನ್ನು ಸುಪುತ್ರಿಯೆಂದು ಹೊಗಳುವ ವಾಡಿಕೆಯೂ ಇತ್ತು. ಒಹಾರುವಿನ ತಂದೆ ಶಿನ್‌ಜಾಎಮೊನ್ ಮಾಡಿದ್ದು ಅಂದಿನ ಕಾನೂನಿನ ಚೌಕಟ್ಟಿನೊಳಗಿನ ವ್ಯವಹಾರ.

ಹತ್ತು ವರ್ಷ ದುಡಿದರೆ ಬಿಡುಗಡೆ ಎಂಬುದು ಪತ್ರದ ಮಾತು. ಲೆಕ್ಕದ ಪುಸ್ತಕ ಬೇರೆಯೇ ಹೇಳುತ್ತಿತ್ತು. ಉಡುಪು, ಹಾಸಿಗೆ, ಮುಡಿಯ ಆಭರಣ, ಕೈಕೆಳಗಿನ ಬಾಲಕಿಯರ ಖರ್ಚು ಎಲ್ಲವೂ ಹೆಂಗಸಿನ ಹೆಸರಿಗೇ ಬೀಳುತ್ತಿದ್ದವು. ಹಬ್ಬದ ದಿನಗಳಲ್ಲಿ ಅವಳಿಗೆ ಗಿರಾಕಿ ಇರಲೇಬೇಕು. ಇಲ್ಲದಿದ್ದರೆ ತನ್ನ ದರವನ್ನು ತಾನೇ ತೆರಬೇಕು. ಹೀಗೆ ಮೂಲ ಸಾಲ ತೀರುವ ಬದಲು ಬೆಳೆಯುತ್ತಿತ್ತು. ಹೊರಬೀಳುವ ದಾರಿಗಳು ಮೂರು: ಇಪ್ಪತ್ತೇಳು ಇಪ್ಪತ್ತೆಂಟರ ವಯಸ್ಸಿಗೆ ಅವಧಿ ಮುಗಿಯುವುದು, ಶ್ರೀಮಂತನೊಬ್ಬ ಸಾಲ ತೀರಿಸಿ ಬಿಡಿಸಿಕೊಳ್ಳುವುದು, ಇಲ್ಲವೇ ಸಾವು. ಬಿಡುಗಡೆ ಪಡೆದವರಲ್ಲಿ ಪ್ರಸಿದ್ಧಳು ಕ್ಯೋಟೊದ ಯೋಶಿನೊ ತಾಯು. 1631ರಲ್ಲಿ ಹಾಯ್ಯಾ ಶೋಎಕಿ ಎಂಬ ವರ್ತಕ ಅವಳನ್ನು ಬಿಡಿಸಿ ಮದುವೆಯಾದ. ಅವಳ ಕಥೆ ನಾಟಕ, ಕಥನಗಳಲ್ಲಿ ಉಳಿದದ್ದು ಅಂಥ ಅದೃಷ್ಟ ತೀರ ಅಪರೂಪವಾಗಿದ್ದರಿಂದ.

ಸಾವಿನ ದಾರಿ ಅಪರೂಪವಾಗಿರಲಿಲ್ಲ. ಪರಂಗಿ ರೋಗ ಕೇರಿಗಳಲ್ಲಿ ಮನೆಮಾಡಿತ್ತು, ಕ್ಷಯವೂ ಇತ್ತು. ಯೋಶಿವಾರಾದಿಂದ ತುಸು ದೂರದ ಮಿನೊವಾದಲ್ಲಿರುವ ಜೋಕಾನ್‌ಜಿ ದೇಗುಲಕ್ಕೆ ‘ಎಸೆಯುವ ಗುಡಿ’ ಎಂಬ ಅಡ್ಡಹೆಸರು ಬಿತ್ತು. ಕೇಳುವವರಿಲ್ಲದೆ ಸತ್ತ ಹೆಂಗಸರನ್ನು ಚಾಪೆಯಲ್ಲಿ ಸುತ್ತಿ ಅಲ್ಲಿಗೆ ತರುತ್ತಿದ್ದರು; 1855ರ ಆನ್ಸೆಯ್ ಭೂಕಂಪದಲ್ಲಿ ಸತ್ತವರನ್ನೂ ಅಲ್ಲಿಗೇ ತಂದರು. ಅಲ್ಲಿ ಮಣ್ಣಾದವರು ಸುಮಾರು 25,000 ಮಂದಿ ಎಂದು ಹೇಳುತ್ತಾರೆ.

ಶ್ರೇಣಿಯ ಮೇಲೆ ಮತ್ತು ಕೆಳಗೆ

ಕೇರಿಯ ಒಳಗೆ ಕಟ್ಟುನಿಟ್ಟಿನ ಶ್ರೇಣಿಗಳಿದ್ದವು. ಎಲ್ಲರಿಗಿಂತ ಮೇಲಿನವಳು ತಾಯು: ಕವಿತೆ, ಲಿಪಿಕಲೆ, ಚಹಾ ವಿಧಿ, ಸುಗಂಧ, ಸಂಗೀತ ಎಲ್ಲವನ್ನೂ ಬಲ್ಲವಳು. ಗಿರಾಕಿ ಅವಳ ಮನೆಗೆ ಹೋಗುತ್ತಿರಲಿಲ್ಲ; ಅವಳೇ ಬಾಲಕಿಯರೊಡನೆ ಮೆರವಣಿಗೆಯಲ್ಲಿ ಔತಣಮಂದಿರಕ್ಕೆ ಬರುತ್ತಿದ್ದಳು. ಶಿಮಾಬಾರಾದ ಅಂಥ ಔತಣಮಂದಿರ ಸುಮಿಯಾ ಇಂದಿಗೂ ಉಳಿದಿದೆ. 1952ರಲ್ಲಿ ಅದು ಸಂರಕ್ಷಿತ ಸಾಂಸ್ಕೃತಿಕ ಆಸ್ತಿಯಾಯಿತು, ಈಗ ವಸ್ತುಸಂಗ್ರಹಾಲಯ. ಯೋಶಿವಾರಾದಲ್ಲಿ ದುಬಾರಿ ತಾಯುಗಳನ್ನು ಕರೆಸುವ ಗಿರಾಕಿಗಳು ಕಡಿಮೆಯಾಗಿ ಹದಿನೆಂಟನೆಯ ಶತಮಾನದ ನಡುವಿನ ಹೊತ್ತಿಗೆ ಆ ದರ್ಜೆಯೇ ಇಲ್ಲವಾಯಿತು.

ಮುದ್ರಣೋದ್ಯಮ ಕೇರಿಯನ್ನು ದೇಶಕ್ಕೆಲ್ಲ ಪರಿಚಯಿಸಿತು. ಯಾವ ಮನೆಯಲ್ಲಿ ಯಾರಿದ್ದಾರೆ, ದರವೇನು ಎಂದು ತಿಳಿಸುವ ಕೈಪಿಡಿಗಳು ವರ್ಷಕ್ಕೆ ಎರಡು ಬಾರಿ ಅಚ್ಚಾಗುತ್ತಿದ್ದವು. ಪ್ರಕಾಶಕ ತ್ಸುತಾಯಾ ಜೂಜಾಬುರೊ 1780ರ ದಶಕದಲ್ಲಿ ಅವನ್ನು ತನ್ನ ಹಿಡಿತಕ್ಕೆ ತಂದುಕೊಂಡ. ಚಿತ್ರಕಾರ ಕಿತಾಗಾವಾ ಉತಾಮಾರೊ ಕೇರಿಯ ಚೆಲುವೆಯರನ್ನು ಮರದಚ್ಚಿನಲ್ಲಿ ಚಿತ್ರಿಸಿದ. ಹೊರಗಿನ ಜಗತ್ತು ಕಂಡ ಯೋಶಿವಾರಾ ಬಹುಮಟ್ಟಿಗೆ ಈ ಚಿತ್ರಗಳದ್ದು. ಆ ಸೊಬಗು ಸುಳ್ಳಲ್ಲ. ಆದರೆ ಅದರ ವೆಚ್ಚ ಯಾರ ಖಾತೆಗೆ ಬಿತ್ತೆಂಬುದನ್ನು ಕರಾರು ಪತ್ರಗಳು ಹೇಳುತ್ತವೆ.

ಶ್ರೇಣಿಯ ಬುಡದಲ್ಲಿ, ಕೇರಿಯ ಗೋಡೆಗಳಾಚೆ, ಪರವಾನಗಿಯಿಲ್ಲದ ಹೆಂಗಸರಿದ್ದರು. ಎದೊದಲ್ಲಿ ಅವರನ್ನು ರಾತ್ರಿ ಗಿಡುಗ ಎಂಬರ್ಥದ ‘ಯೊತಾಕಾ’ ಎನ್ನುತ್ತಿದ್ದರು. ಚಾಪೆ ಕಂಕುಳಲ್ಲಿಟ್ಟುಕೊಂಡು ನದಿ ದಂಡೆಯಲ್ಲೋ ಸೌದೆ ಅಡತಿಯಲ್ಲೋ ನಿಲ್ಲುತ್ತಿದ್ದ ಇವರಲ್ಲಿ ಕೇರಿಯಿಂದ ಹೊರಬಂದು ಬೇರೆ ನೆಲೆ ಕಾಣದವರೂ ಇದ್ದರು. ಚಿತ್ರದ ಆರಂಭದ ಒಹಾರು ಇಂಥವರಲ್ಲೊಬ್ಬಳು. ಬಿಳಿ ಬಳಿದು ವಯಸ್ಸು ಮರೆಸಿಕೊಂಡ ಅವಳನ್ನು ಯಾತ್ರಿಕರ ಮುಖಂಡನೊಬ್ಬ ದೀಪದ ಬೆಳಕಿಗೆ ಹಿಡಿದು, ಹೆಣ್ಣಿನ ಮೋಹಕ್ಕೆ ಬಿದ್ದರೆ ಸಿಗುವುದು ಇದು ಎಂದು ಹುಡುಗರಿಗೆ ತೋರಿಸುವ ದೃಶ್ಯ ಚಿತ್ರದ ಅತ್ಯಂತ ಕ್ರೂರ ದೃಶ್ಯಗಳಲ್ಲೊಂದು.

ಎಲ್ಲರೂ ಸುಮ್ಮನೆ ಸಹಿಸಿಕೊಳ್ಳಲಿಲ್ಲ. ಓಡಿಹೋಗುವ ಯತ್ನಗಳು ನಡೆಯುತ್ತಿದ್ದವು, ಸಿಕ್ಕಿಬಿದ್ದವರಿಗೆ ಹೊಡೆತ ಕಾದಿತ್ತು. ಹತ್ತೊಂಬತ್ತನೆಯ ಶತಮಾನದಲ್ಲಿ ಯೋಶಿವಾರಾಕ್ಕೆ ಪದೇಪದೇ ಬೆಂಕಿ ಬಿತ್ತು. ಹಲವು ಸಲ ಹಚ್ಚಿದವರು ಅಲ್ಲಿನ ಹೆಂಗಸರೇ. 1849ರಲ್ಲಿ ಉಮೆಮೊತೊಯಾ ಎಂಬ ಮನೆಯ 16 ಹೆಂಗಸರು ಮಾಲೀಕನ ಹಿಂಸೆ ತಾಳದೆ ಒಟ್ಟಾಗಿ ಬೆಂಕಿಯಿಟ್ಟು, ತಾವಾಗಿಯೇ ಹೋಗಿ ತಪ್ಪೊಪ್ಪಿಕೊಂಡು, ದೂರು ಹೇಳಿಕೊಂಡರು. ವಿಚಾರಣೆಯಲ್ಲಿ ಅವರ ದಿನಚರಿಯ ಬರಹಗಳೂ ದಾಖಲಾದವು. ಹಳಸಿದ ಅನ್ನ, ಹೊಡೆತ ಬಡಿತಗಳ ವಿವರ ಅವುಗಳಲ್ಲಿದೆ. ಕೇರಿಯ ಹೆಂಗಸರ ಸ್ವಂತ ಧ್ವನಿ ಇತಿಹಾಸಕಾರರಿಗೆ ಸಿಕ್ಕಿರುವ ಅಪೂರ್ವ ಸಂದರ್ಭ ಅದು.

1872ರ ಆಜ್ಞೆ ಮತ್ತು ನಂತರ

1868ರಲ್ಲಿ ತೊಕುಗಾವಾ ಆಳ್ವಿಕೆ ಮುಗಿದು ಮೇಯ್ಜಿ ಸರ್ಕಾರ ಬಂತು. ನಾಲ್ಕು ವರ್ಷಗಳ ನಂತರ ಒಂದು ಹಡಗಿನ ಮೊಕದ್ದಮೆ ಕೇರಿಗಳ ಬುಡವನ್ನು ಅಲುಗಾಡಿಸಿತು. ಮಕಾವ್‌ನಿಂದ ಪೆರುವಿಗೆ ಇನ್ನೂರಕ್ಕೂ ಹೆಚ್ಚು ಚೀನೀ ಕೂಲಿಗಳನ್ನು ಸಾಗಿಸುತ್ತಿದ್ದ ‘ಮಾರಿಯಾ ಲೂಸ್’ ಎಂಬ ಹಡಗು 1872ರಲ್ಲಿ ಯೊಕೊಹಾಮಾ ಬಂದರಿಗೆ ಬಂತು. ಅದರಿಂದ ನೀರಿಗೆ ಹಾರಿದ ಒಬ್ಬ ಕೂಲಿಯನ್ನು ಬ್ರಿಟಿಷ್ ಯುದ್ಧನೌಕೆ ರಕ್ಷಿಸಿತು. ಕಾನಾಗಾವಾ ಪ್ರಾಂತ್ಯದ ಅಧಿಕಾರಿ ಓಎ ತಾಕು ವಿಚಾರಣೆ ನಡೆಸಿ ಕೂಲಿಗಳನ್ನು ಬಿಡುಗಡೆ ಮಾಡಿದರು. ಜಪಾನಿನಲ್ಲಿಯೇ ವೇಶ್ಯೆಯರ ಕರಾರು ಜಾರಿಯಲ್ಲಿರುವಾಗ ಕೂಲಿ ಕರಾರು ಮಾತ್ರ ಗುಲಾಮಗಿರಿ ಹೇಗಾದೀತು ಎಂದು ಹಡಗಿನ ಕಪ್ತಾನನ ಪರ ವಕೀಲ ಕೇಳಿದ. ಆ ಪ್ರಶ್ನೆಗೆ ಸರ್ಕಾರದ ಬಳಿ ಉತ್ತರವಿರಲಿಲ್ಲ.

ಅದೇ ವರ್ಷದ ಕೊನೆಯಲ್ಲಿ ಗೇಷಾ ಮತ್ತು ವೇಶ್ಯೆಯರ ವಿಮೋಚನೆಯ ಆಜ್ಞೆ ಹೊರಟಿತು. ಅದರ ಬೆನ್ನಿಗೇ ನ್ಯಾಯ ಇಲಾಖೆ ಕೊಟ್ಟ ವಿವರಣೆ ಹೀಗಿತ್ತು: ಹಕ್ಕು ಕಳೆದುಕೊಂಡ ಈ ಹೆಂಗಸರ ಸ್ಥಿತಿ ದನ ಕುದುರೆಗಳದ್ದು, ದನ ಕುದುರೆಗಳಿಂದ ಸಾಲ ವಸೂಲಿ ಕೇಳುವಂತಿಲ್ಲ, ಆದ್ದರಿಂದ ಇವರ ಸಾಲಗಳೂ ರದ್ದು. ಉದ್ದೇಶ ಒಳ್ಳೆಯದಿದ್ದರೂ ಹೋಲಿಕೆಯ ಕೀಳುತನ ಎದ್ದು ಕಾಣುತ್ತದೆ. ಬಿಡುಗಡೆಯಾದವರಿಗೆ ಹೊಟ್ಟೆಪಾಡಿನ ಏರ್ಪಾಡು ಏನೂ ಆಗಲಿಲ್ಲ. 1873ರ ಹೊತ್ತಿಗೆ ಟೋಕಿಯೊದಲ್ಲಿ ಹೊಸ ನಿಯಮಗಳು ಬಂದವು: ವೇಶ್ಯಾಗೃಹ ಈಗ ಬಾಡಿಗೆ ಕೋಣೆ, ಹೆಂಗಸು ಸ್ವಇಚ್ಛೆಯಿಂದ ಪರವಾನಗಿ ಪಡೆದ ಬಾಡಿಗೆದಾರಳು. ಸಾಲ ಮತ್ತೆ ಮೊದಲಿನಂತೆಯೇ ಮುಂಗಡವಾಗಿ ತಂದೆಗೆ ಹೋಗತೊಡಗಿತು. ಜೊತೆಗೆ ರೋಗ ತಪಾಸಣೆ ಕಡ್ಡಾಯವಾಯಿತು. ಬ್ರಿಟಿಷ್ ನೌಕಾ ವೈದ್ಯ ಜಾರ್ಜ್ ನ್ಯೂಟನ್ ಯೊಕೊಹಾಮಾದಲ್ಲಿ 1868ರಲ್ಲಿ ತೆರೆದ ಆಸ್ಪತ್ರೆಯೇ ಇದಕ್ಕೆ ಮೊದಲ ಮಾದರಿ. ಇದೇ ಕಾಲದಲ್ಲಿ ಅಮಾಕುಸಾ ದ್ವೀಪ ಮತ್ತು ಶಿಮಾಬಾರಾ ಪರ್ಯಾಯದ್ವೀಪದ ಬಡ ಹುಡುಗಿಯರು ಮಧ್ಯವರ್ತಿಗಳ ಕೈಗೆ ಸಿಕ್ಕಿ ಸಿಂಗಪುರ, ಬೊಂಬಾಯಿ ಮೊದಲಾದ ಬಂದರುಗಳನ್ನೂ ತಲುಪಿದರು.

ವಿರೋಧವೂ ಬೆಳೆಯಿತು. ಯಾಜಿಮಾ ಕಾಜಿಕೊ ಮುಂದಾಳತ್ವದ ಕ್ರೈಸ್ತ ಮಹಿಳಾ ಸಂಘ 1886ರಲ್ಲಿ ಹುಟ್ಟಿತು. 1900ರಲ್ಲಿ ದೇಶದ ಅತ್ಯುನ್ನತ ನ್ಯಾಯಾಲಯ ಹೆಂಗಸನ್ನು ಬಲವಂತವಾಗಿ ಕೇರಿಯಲ್ಲಿ ಇರಿಸಿಕೊಳ್ಳುವ ಕರಾರು ಅಸಿಂಧುವೆಂದಿತು. ಸಾಲ್ವೇಷನ್ ಆರ್ಮಿಯ ಯಾಮಾಮುರೊ ಗುನ್‌ಪೆಯ್ ಮತ್ತು ಸಂಗಡಿಗರು ಕೇರಿಗೆ ನುಗ್ಗಿ, ಏಟು ತಿಂದು, ಹೆಂಗಸರಿಗೆ ಹೊರಬರುವ ಹಕ್ಕಿದೆಯೆಂದು ಸಾರಿದರು. ಅದೇ ವರ್ಷ ಬಂದ ಸರ್ಕಾರಿ ನಿಯಮ 18 ವರ್ಷ ತುಂಬದವರನ್ನು ನಿಷೇಧಿಸಿ, ಪೊಲೀಸರಿಗೆ ತಿಳಿಸಿ ವೃತ್ತಿ ಬಿಡಬಹುದೆಂದು ಒಪ್ಪಿತು. ಸಾವಿರಾರು ಹೆಂಗಸರು ಹೊರಬಂದರು. ಆದರೆ ನ್ಯಾಯಾಲಯ ಸಾಲವನ್ನು ಬೇರೆ ವ್ಯವಹಾರವೆಂದು ಎಣಿಸಿತು. ದೇಹಕ್ಕೆ ಬಿಡುಗಡೆ, ಸಾಲಕ್ಕೆ ಇಲ್ಲ. ವೃತ್ತಿ ಬಿಟ್ಟ ಮಗಳ ಸಾಲಕ್ಕೆ ತಂದೆಯ ತುಂಡು ಹೊಲ ಜಪ್ತಿಯಾಗುವ ಭಯವೇ ಕಾವಲುಮನೆಯ ಕೆಲಸ ಮಾಡಿತು.

1923ರ ಮಹಾಭೂಕಂಪದ ಬೆಂಕಿಯಲ್ಲಿ ಯೋಶಿವಾರಾದ ನೂರಾರು ಮಂದಿ ಪಕ್ಕದ ಕೊಳಕ್ಕೆ ಹಾರಿ ಸತ್ತರು. 1930ರ ದಶಕದ ಆರಂಭದಲ್ಲಿ ರೇಷ್ಮೆ ಬೆಲೆ ಕುಸಿದು, ಚಳಿಗೆ ಬೆಳೆ ಹಾಳಾಗಿ, ಈಶಾನ್ಯದ ತೊಹೊಕು ಸೀಮೆಯ ರೈತರು ಹೆಣ್ಣುಮಕ್ಕಳನ್ನು ಕೇರಿಗಳಿಗೂ ಗಿರಣಿಗಳಿಗೂ ಕಳಿಸಿದರು. ಮಗಳನ್ನು ಮಾರುವ ಪ್ರಸಂಗ ಬಂದರೆ ಮೊದಲು ಇಲ್ಲಿ ವಿಚಾರಿಸಿ ಎಂದು ಯಾಮಾಗಾತಾ ಪ್ರಾಂತ್ಯದ ಒಂದು ಗ್ರಾಮದಲ್ಲಿ ಹಚ್ಚಿದ್ದ ಸೂಚನಾಪತ್ರದ ಛಾಯಾಚಿತ್ರ ಆ ಕಾಲದ ಪ್ರಸಿದ್ಧ ದಾಖಲೆ.

ಮಿಜೊಗುಚಿ ಮತ್ತು ಅವರ ನೋಟ

ಈ ಇತಿಹಾಸ ಮಿಜೊಗುಚಿಗೆ ಮನೆಯೊಳಗಿನ ಸಂಗತಿಯಾಗಿತ್ತು. ಅವರು ಹುಟ್ಟಿದ್ದು ಟೋಕಿಯೊದಲ್ಲಿ, 1898ರಲ್ಲಿ. ರಷ್ಯಾ–ಜಪಾನ್ ಯುದ್ಧದ ಹೊತ್ತಿನಲ್ಲಿ ಸೈನಿಕರಿಗೆ ಮಳೆ ಅಂಗಿ ಮಾರುವ ಅವರ ತಂದೆಯ ಯೋಜನೆ ಯುದ್ಧ ಬೇಗ ಮುಗಿದು ನೆಲಕಚ್ಚಿತು. ಬಡತನಕ್ಕೆ ಬಿದ್ದ ಕುಟುಂಬ ಅಕ್ಕ ಸುಜುವನ್ನು ಬೇರೆಯವರಿಗೆ ಒಪ್ಪಿಸಿತು. ಅವರು ಗೇಷಾ ಆದರು. ಮುಂದೆ ಆ ಅಕ್ಕನೇ ತಮ್ಮನನ್ನು ಸಾಕಿ, ಕೆಲಸ ಹುಡುಕಿಕೊಳ್ಳಲು ನೆರವಾದರು. ತಂದೆಯ ಸಾಲಕ್ಕೆ ಮಗಳ ಬಾಳು ತೆತ್ತು, ಗಂಡುಮಗ ಅದರ ಫಲ ಉಣ್ಣುವ ಚಿತ್ರಣ ಅವರ ಚಿತ್ರಗಳಲ್ಲಿ ಮತ್ತೆ ಮತ್ತೆ ಬರುತ್ತದೆ. 1936ರ ‘ನಾನಿವಾ ಎಲಿಜಿ’ಯ ದೂರವಾಣಿ ನಿರ್ವಾಹಕಿ ತಂದೆ ದುರುಪಯೋಗ ಮಾಡಿದ ಹಣ ತುಂಬಲು ಮಾಲೀಕನ ಇಟ್ಟುಕೊಂಡವಳಾಗುತ್ತಾಳೆ, ಅದೇ ವರ್ಷದ ‘ಗಿಯೊನ್ ಸಹೋದರಿಯರು’ ಚಿತ್ರದಲ್ಲಿ ಒಬ್ಬ ಗೇಷಾ ವಿಧೇಯಳು, ಅವಳ ತಂಗಿ ಬಂಡಾಯಗಾರ್ತಿ, ಇಬ್ಬರೂ ಸೋಲುತ್ತಾರೆ.

‘ಒಹಾರು’ ಬಂದಾಗ ಮಿಜೊಗುಚಿಯ ಹೆಸರು ಮಸುಕಾಗಿತ್ತು. 1951ರಲ್ಲಿ ನಿರ್ದೇಶಕ ಕುರೊಸಾವಾರ ‘ರಾಶೊಮೊನ್’ ವೆನಿಸ್ ಚಿತ್ರೋತ್ಸವದಲ್ಲಿ ಗೆದ್ದದ್ದು ಹಿರಿಯರಾದ ಅವರನ್ನು ಕೆಣಕಿತ್ತು. ದೊಡ್ಡ ಸ್ಟುಡಿಯೊ ಸಿಗದೆ, ಕ್ಯೋಟೊ ಮತ್ತು ಒಸಾಕಾ ನಡುವಿನ ಹಿರಾಕಾತಾದಲ್ಲಿ ಗೋದಾಮಿನಂಥ ಕಟ್ಟಡದಲ್ಲಿ ಸೆಟ್ ಹಾಕಿದರು. ಪಕ್ಕದ ಹಳಿಯಲ್ಲಿ ರೈಲು ಬಂದಾಗಲೆಲ್ಲ ಚಿತ್ರೀಕರಣ ನಿಲ್ಲುತ್ತಿತ್ತು. ಒಹಾರು ಪಾತ್ರ ಮಾಡಿದ ಕಿನುಯೊ ತನಾಕಾಗೆ ಆಗ ನಲವತ್ತು ದಾಟಿತ್ತು. ಹದಿಹರೆಯದಿಂದ ಮುಪ್ಪಿನವರೆಗೆ ಅವರೇ ನಟಿಸಿದರು. ಚಿತ್ರಕ್ಕೆ 1952ರ ವೆನಿಸ್ ಉತ್ಸವದಲ್ಲಿ ಅಂತರರಾಷ್ಟ್ರೀಯ ಪ್ರಶಸ್ತಿ ಬಂತು. ಮರುವರ್ಷವೇ ತನಾಕಾ ನಿರ್ದೇಶಕಿಯಾದರು. ಅವರು ಆ ಕೆಲಸಕ್ಕೆ ಇಳಿಯುವುದನ್ನು ಮಿಜೊಗುಚಿ ವಿರೋಧಿಸಿದ್ದರು ಎಂಬುದನ್ನೂ ಇಲ್ಲಿ ಹೇಳಬೇಕು. ಹೆಣ್ಣಿನ ನೋವನ್ನು ತೆರೆಯ ಮೇಲೆ ಅಷ್ಟು ಬಲ್ಲವರಿಗೂ ಹೆಣ್ಣಿನ ಸ್ವಾತಂತ್ರ್ಯ ಸಲೀಸಾಗಿ ಒಗ್ಗಲಿಲ್ಲ.

ಛಾಯಾಗ್ರಾಹಕ ಯೋಶಿಮಿ ಹಿರಾನೊ ಸೆರೆಹಿಡಿದ ದೃಶ್ಯಗಳು ದೀರ್ಘ. ಕ್ಯಾಮೆರಾ ದೂರ ನಿಲ್ಲುತ್ತದೆ, ಮುಖದ ಹತ್ತಿರ ಹೋಗುವುದು ಕಡಿಮೆ. ಗಡೀಪಾರಿನ ದೃಶ್ಯದಲ್ಲಿ ಕುಟುಂಬ ಸೇತುವೆ ದಾಟಿ ಹೋಗುವುದನ್ನು ಅದು ಈಚೆ ದಡದಲ್ಲೇ ನಿಂತು ನೋಡುತ್ತದೆ, ಆಮೇಲೆ ತಗ್ಗಿ ಸೇತುವೆಯ ಕಮಾನಿನ ಕೆಳಗಿಂದ ದೂರದ ಪುಟ್ಟ ಆಕೃತಿಗಳನ್ನು ತೋರಿಸುತ್ತದೆ. ಉಪಪತ್ನಿಯ ಆಯ್ಕೆಯ ದೃಶ್ಯ ಇನ್ನೂ ನಿರ್ದಾಕ್ಷಿಣ್ಯ. ಪ್ರಭುವಿನ ಮುದಿ ದೂತ ಲಕ್ಷಣಗಳ ಪಟ್ಟಿ ಹಿಡಿದು ಬಂದಿದ್ದಾನೆ: ವಯಸ್ಸು, ಮುಖದ ಆಕಾರ, ಕಿವಿ, ಪಾದದ ಅಳತೆ, ಮೈಮೇಲೆ ಮಚ್ಚೆ ಇರಕೂಡದು. ಸಾಲಾಗಿ ನಿಲ್ಲಿಸಿದ ಹುಡುಗಿಯರ ಮುಂದೆ ಅವನು ಪಟ್ಟಿಯೊಡನೆ ತಾಳೆ ನೋಡುತ್ತ ಸಾಗುತ್ತಾನೆ. ಯಾರೂ ದನಿಯೇರಿಸುವುದಿಲ್ಲ, ಯಾರೂ ಅಳುವುದಿಲ್ಲ. ಸಂತೆಯ ವ್ಯವಹಾರ ಸುಗಮವಾಗಿ ನಡೆಯುತ್ತದೆ. ಒಹಾರು ಇಲ್ಲಿ ಸುಮ್ಮನಿರುವುದಕ್ಕೆ ಕಾರಣ ಸ್ಪಷ್ಟ: ಆ ಕೋಣೆಯಲ್ಲಿ ಅವಳ ಮಾತಿಗೆ ಯಾವ ಕೆಲಸವೂ ಇಲ್ಲ. ನಾಣ್ಯಕ್ಕೆ ಕೈಚಾಚದಿರುವುದು, ಮಗನ ಮನೆಯ ಸೆರೆಯಿಂದ ತಪ್ಪಿಸಿಕೊಳ್ಳುವುದು, ಇಂಥ ಕಡೆ ಎಡೆ ಸಿಕ್ಕಾಗ ಅವಳು ತನ್ನ ಇಚ್ಛೆಯನ್ನು ತೋರಿಸಿಯೇ ತೋರಿಸುತ್ತಾಳೆ.

ಕೇರಿಗಳ ಕೊನೆ

1945ರ ಸೋಲಿನ ಬೆನ್ನಿಗೇ ಜಪಾನ್ ಸರ್ಕಾರ ಅಮೆರಿಕದ ಸೈನಿಕರಿಗಾಗಿ ವೇಶ್ಯಾಗೃಹಗಳ ಏರ್ಪಾಡಿಗೆ ಕೈಹಾಕಿತು. 1946ರ ಜನವರಿಯಲ್ಲಿ ಮಿತ್ರಪಡೆಗಳ ಆಡಳಿತ ಪರವಾನಗಿ ಪದ್ಧತಿಯನ್ನು ರದ್ದುಮಾಡಲು ಆದೇಶಿಸಿತು. ಆದರೂ ಹಳೆಯ ಕೇರಿಗಳು ಪೊಲೀಸರ ನಕ್ಷೆಯಲ್ಲಿ ಕೆಂಪು ಗೆರೆಯೊಳಗಿನ ಪ್ರದೇಶಗಳಾಗಿ, ಉಪಾಹಾರ ಗೃಹಗಳ ಹೆಸರಿನಲ್ಲಿ ಮುಂದುವರಿದವು. 1946ರಲ್ಲಿ ಮೊದಲ ಬಾರಿಗೆ ಮತ ಚಲಾಯಿಸಿದ ಜಪಾನಿನ ಮಹಿಳೆಯರು ಸಂಸತ್ತಿಗೂ ಬಂದರು. ಇಚಿಕಾವಾ ಫುಸಾಎ, ಕಾಮಿಚಿಕಾ ಇಚಿಕೊ ಮೊದಲಾದ ಸಂಸದೆಯರು ನಿಷೇಧ ಕಾನೂನಿಗೆ ಪಟ್ಟುಹಿಡಿದರು. 1948ರಿಂದ ಮಸೂದೆ ಹಲವು ಬಾರಿ ಬಿದ್ದುಹೋಯಿತು. 1955ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಮಹತ್ವದ ತೀರ್ಪು ಕೊಟ್ಟಿತು: ಇಂಥ ದುಡಿಮೆಗೆ ಕಟ್ಟಿದ ಮುಂಗಡ ಸಾಲವೂ ಅಸಿಂಧು, ಮರಳಿಸಬೇಕಾಗಿಲ್ಲ. ಮುನ್ನೂರಕ್ಕೂ ಹೆಚ್ಚು ವರ್ಷ ಮಗಳಂದಿರನ್ನು ಹಿಡಿದಿಟ್ಟ ಹಗ್ಗ ಕಾನೂನಿನಲ್ಲಿ ತುಂಡಾದದ್ದು ಆಗ.

ಆ ಚರ್ಚೆಯ ಕಾವಿನಲ್ಲಿಯೇ, 1956ರ ಮಾರ್ಚ್‌ನಲ್ಲಿ, ಮಿಜೊಗುಚಿಯ ಕೊನೆಯ ಚಿತ್ರ ‘ಆಕಾಸೆನ್ ಚಿತಾಯ್’ ಬಂತು. ಯೋಶಿವಾರಾದ ಒಂದು ಮನೆಯ ಐವರು ಹೆಂಗಸರ ಕಥೆ ಅದು. ಒಬ್ಬಳು ರೋಗಿ ಗಂಡನನ್ನೂ ಹಸುಳೆಯನ್ನೂ ಸಾಕುತ್ತಾಳೆ, ಇನ್ನೊಬ್ಬಳು ಬೆಳೆದ ಮಗ ತನ್ನನ್ನು ತಿರಸ್ಕರಿಸಿದಾಗ ಬುದ್ಧಿ ಕಳೆದುಕೊಳ್ಳುತ್ತಾಳೆ, ಮತ್ತೊಬ್ಬಳು ಲೆಕ್ಕಾಚಾರದಿಂದ ಹಣ ಕೂಡಿಹಾಕಿ ಹೊರಬೀಳುತ್ತಾಳೆ. ಸರ್ಕಾರ ಮಾಡದ ಸಮಾಜಸೇವೆಯನ್ನು ತಾನು ಮಾಡುತ್ತಿದ್ದೇನೆಂದು ಮಾಲೀಕ ಉಪನ್ಯಾಸ ಕೊಡುತ್ತಾನೆ. ಅದೇ ವರ್ಷದ ಮೇ ತಿಂಗಳಲ್ಲಿ ವೇಶ್ಯಾವೃತ್ತಿ ತಡೆ ಕಾನೂನು ಅಂಗೀಕಾರವಾಯಿತು. ಆಗಸ್ಟ್ 24ರಂದು ಮಿಜೊಗುಚಿ ಕ್ಯೋಟೊದಲ್ಲಿ ತೀರಿಕೊಂಡರು. ಕಾನೂನಿನ ದಂಡನೆಯ ಭಾಗ 1958ರ ಏಪ್ರಿಲ್ 1ರಂದು ಜಾರಿಗೆ ಬಂದು ಕೇರಿಗಳ ದೀಪ ಆರಿದವು.

ಆ ಕಾನೂನು ವೃತ್ತಿಯನ್ನು ನಿಷೇಧಿಸಿದರೂ ದಂಡನೆಯನ್ನು ಮುಖ್ಯವಾಗಿ ದಲ್ಲಾಳಿ, ಮಾಲೀಕ ಮತ್ತು ಮುಂಗಡ ಕೊಡುವವರಿಗೆ ವಿಧಿಸಿತು. ಆದರೆ ಬೀದಿಯಲ್ಲಿ ಗಿರಾಕಿ ಕರೆಯುವ ಹೆಣ್ಣಿಗೂ ಶಿಕ್ಷೆಯಿತ್ತು. ಹಣ ಕೊಡುವ ಗಂಡಸಿಗೆ ಇರಲಿಲ್ಲ. ಹೆಂಗಸರನ್ನು ತಿದ್ದಬೇಕಾದವರೆಂದು ಎಣಿಸಿ ಪುನರ್ವಸತಿ ಗೃಹಗಳನ್ನು ತೆರೆಯಲಾಯಿತು. ಈ ತಿದ್ದುಪಡಿ ಧೋರಣೆಯನ್ನು ಕೈಬಿಟ್ಟು, ಸಂಕಷ್ಟದಲ್ಲಿರುವ ಮಹಿಳೆಯರ ಇಚ್ಛೆಯನ್ನು ಗೌರವಿಸಿ ನೆರವು ಕೊಡಬೇಕೆಂಬ ಹೊಸ ಕಾನೂನನ್ನು ಜಪಾನಿನ ಸಂಸತ್ತು 2022ರಲ್ಲಿ ಒಪ್ಪಿತು. ಅದು 2024ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. ಒಹಾರುವನ್ನು ಅರಮನೆಯಲ್ಲಿ, ಅಂತಃಪುರದಲ್ಲಿ, ಕೇರಿಯಲ್ಲಿ ಯಾರೂ ಒಮ್ಮೆಯೂ ಕೇಳದೆ ಬಿಟ್ಟ ಪ್ರಶ್ನೆ ನಿನಗೇನು ಬೇಕು ಎಂಬುದು. ಅದನ್ನು ಕೇಳುವುದು ಸರ್ಕಾರದ ಕರ್ತವ್ಯವೆಂದು ಆ ದೇಶದ ಕಾನೂನು ಈಗ ಒಪ್ಪಿಕೊಂಡಿದೆ.